ಸದ್ದಪ್ಪನ ಮನೆಯ ಮೆಟ್ಟಿಲು

ಸದ್ದು ಮಾಡಿ ಹೊಟ್ಟೆ ಹೊರೆಯುವವರು ಲೋಕದಲ್ಲಿ ಬೇಕಾದಷ್ಟು ಜನ ಇದ್ದಾರೆ. ಭಾಷಣ ಮಾಡುವವರು, ಹರಾಜು ಕೂಗುವವರು, ಬಸ್ಸಿನ ಬಾಗಿಲು ಬಡಿಯುವವರು. ಆದರೆ ಅವರೆಲ್ಲ ತಮ್ಮ ಸದ್ದು ತಾವು ಮಾಡುತ್ತಾರೆ. ಕಂಡವರ ಸದ್ದನ್ನೆಲ್ಲ ತಾನೊಬ್ಬನೇ ಮಾಡಿ ಬದುಕಿದವನು ಸದ್ದಪ್ಪ. ಹೆತ್ತವರು ಇಟ್ಟ ಹೆಸರು ಬೇರೆ ಇತ್ತು. ಸ್ಟುಡಿಯೋದವರು ಅದನ್ನು ಮರೆತು ಯಾವ ಕಾಲವಾಯಿತೋ. ಯಾರಾದರೂ ಆ ಹೆಸರು ಹಿಡಿದು ಕರೆದರೆ ಅವನಿಗೇ ತಟ್ಟನೆ ತಿರುಗಿ ನೋಡಲು ಹೊಳೆಯುತ್ತಿರಲಿಲ್ಲ.

ಸಿನಿಮಾದಲ್ಲಿ ನಾಯಕ ಮೆಟ್ಟಿಲಿಳಿದು ಬರುವಾಗ ಟಕ್ ಟಕ್ ಎನ್ನುತ್ತದಲ್ಲ, ಆ ಸದ್ದು ನಾಯಕನದಲ್ಲ. ಚಿತ್ರೀಕರಣದ ಹೊತ್ತಿನಲ್ಲಿ ಅಲ್ಲಿ ಕೇಳಿಸುವುದು ಲೈಟಿನವರ ಬೈಗುಳ, ಜನರೇಟರಿನ ಗೊರಕೆ. ಆಮೇಲೆ ಅದನ್ನೆಲ್ಲ ಒರೆಸಿ ಹಾಕಿ, ಸ್ಟುಡಿಯೋದ ನೆಲಮಾಳಿಗೆಯಲ್ಲಿ ತೆರೆಯ ಮುಂದೆ ನಿಂತು, ಚಿತ್ರ ನೋಡುತ್ತಾ ನೋಡುತ್ತಾ ಒಬ್ಬ ಮನುಷ್ಯ ಎಲ್ಲ ಸದ್ದನ್ನೂ ಹೊಸದಾಗಿ ಕೂರಿಸಬೇಕು. ಆ ಮನುಷ್ಯ ಸದ್ದಪ್ಪ. ಅವನ ಕೋಣೆಗೆ ಮೊದಲ ಸಲ ಬಂದವರು ಗುಜರಿ ಅಂಗಡಿಗೆ ಬಂದೆವೇನೋ ಎಂದುಕೊಳ್ಳುತ್ತಿದ್ದರು. ಮರಳಿನ ತೊಟ್ಟಿ, ಜಲ್ಲಿಕಲ್ಲಿನ ತೊಟ್ಟಿ, ಗೋಡೆಯೇ ಇಲ್ಲದೆ ಬರೀ ಚೌಕಟ್ಟಿನಲ್ಲಿ ನಿಂತ ಬಾಗಿಲು, ಒಂದು ಟ್ರಂಕಿನ ತುಂಬ ಹಳೆಯ ಚಪ್ಪಲಿ, ಬೂಟು. ಮೂಳೆ ಮುರಿಯಬೇಕಾದರೆ ಸೌತೆಕಾಯಿ, ಬೆಂಕಿ ಉರಿಯಬೇಕಾದರೆ ಬಿಸ್ಕತ್ತಿನ ಪೊಟ್ಟಣದ ಕಾಗದ, ಹಕ್ಕಿ ರೆಕ್ಕೆ ಬಡಿಯಬೇಕಾದರೆ ಕೊಡೆ. ಅವನ ದೊಡ್ಡ ವಿದ್ಯೆ ಮಾತ್ರ ನಡಿಗೆ. ಒಬ್ಬರು ನಡೆಯುವುದನ್ನು ಒಮ್ಮೆ ನೋಡಿದರೆ ಸಾಕು, ಟ್ರಂಕಿನಿಂದ ಸರಿಯಾದ ಚಪ್ಪಲಿ ಹುಡುಕಿ ತೆಗೆದು, ಆ ಮನುಷ್ಯನ ತೂಕ, ವಯಸ್ಸು, ಅವತ್ತಿನ ಸಿಡುಕು, ಎಲ್ಲವನ್ನೂ ತನ್ನ ಕಾಲಲ್ಲಿ ತರುತ್ತಿದ್ದ. ಆರಡಿ ಎತ್ತರದ ಖಳನಾಯಕ, ಮಂಡಿನೋವಿನ ಅಜ್ಜಿ, ಶಾಲೆ ತಪ್ಪಿಸಿ ಓಡುವ ಹುಡುಗಿ, ಮೂವರೂ ಈ ಸಣಕಲ ಮನುಷ್ಯನೇ ಎಂದರೆ ಯಾರೂ ನಂಬುತ್ತಿರಲಿಲ್ಲ.

ಹಗಲೆಲ್ಲ ಸದ್ದಿನಲ್ಲಿ ಮುಳುಗೆದ್ದವನಿಗೆ ಮನೆಯಲ್ಲಿ ಸದ್ದು ಆಗಿಬರುತ್ತಿರಲಿಲ್ಲ. ಕಿವಿಗೂ ವಿಶ್ರಾಂತಿ ಬೇಕು ಎನ್ನುವುದು ಅವನ ವಾದ. ವಾದ ಸರಿಯೇ ಇರಬಹುದು, ಅದರ ಭಾರ ಬಿದ್ದದ್ದು ಮಾತ್ರ ಹೆಂಡತಿಯ ತಲೆಯ ಮೇಲೆ. ಅವನು ಬೈದವನಲ್ಲ, ಕೂಗಾಡಿದವನಲ್ಲ. ಕೂಗಾಡಿದರೆ ಸದ್ದಾಗುತ್ತದಲ್ಲ. ಒಂದು ಬೆರಳು ಎತ್ತುತ್ತಿದ್ದ, ಅಷ್ಟೆ. ಹೆಂಡತಿ ಪಾತ್ರೆಗಳ ನಡುವೆ ಬಟ್ಟೆ ಚೂರು ಇಟ್ಟು ಜೋಡಿಸುವುದನ್ನು ಕಲಿತಳು, ಅವನು ಹೊರಗೆ ಹೋದ ಮೇಲೆ ಮಿಕ್ಸಿ ಹಾಕುವುದನ್ನು ಕಲಿತಳು, ಸೀನು ಬಂದರೆ ಬಚ್ಚಲಿಗೆ ಓಡುವುದನ್ನು ಕಲಿತಳು. ಬಾಗಿಲ ಕರೆಗಂಟೆಯನ್ನು ಅವನೇ ಕಿತ್ತು ಹಾಕಿದ್ದ. ಒದ್ದೆ ಕೊಡೆ ಒಳಗೆ ತಂದರೆ ನೀರು ತೊಟ್ಟಿಕ್ಕುವ ಸದ್ದು ಕಿವಿ ಕೊರೆಯುತ್ತದೆಂದು ಹೊರಗೇ ಗೋಡೆಗೆ ಒರಗಿಸಿ ಬರುತ್ತಿದ್ದ. ಕೆಳಗಿನ ಮನೆಯ ಟೀಚರ್ ಕುರ್ಚಿ ಎಳೆದರೆಂದು ಇಳಿದು ಹೋಗಿ ದೂರು ಹೇಳಿ ಬಂದದ್ದೂ ಉಂಟು.

ಮೊದಮೊದಲು ಹೆಂಡತಿ ಅಡುಗೆಮನೆಯಲ್ಲಿ ಏನೋ ಗುನುಗಿಕೊಳ್ಳುತ್ತಿದ್ದಳು. ಬೆರಳು ಏಳುತ್ತಿತ್ತು. ಬರಬರುತ್ತ ಬೆರಳು ಏಳಬೇಕಾದ ಪ್ರಸಂಗವೇ ಬರಲಿಲ್ಲ. ಇದನ್ನು ಅವನು ಹೊಂದಾಣಿಕೆ ಎಂದುಕೊಂಡಿದ್ದ. ನಮ್ಮ ಮನೆಯಲ್ಲಿ ಸೂಜಿ ಬಿದ್ದರೂ ಕೇಳಿಸುತ್ತದೆ ಎಂದು ಸ್ಟುಡಿಯೋದಲ್ಲಿ ಎದೆಯುಬ್ಬಿಸಿ ಹೇಳುತ್ತಿದ್ದ. ಅವರಿಗೆ ಮಕ್ಕಳಿರಲಿಲ್ಲ. ಆ ಮೌನವನ್ನು ಮುರಿಯುವವರು ಬೇರೆ ಯಾರೂ ಇರಲಿಲ್ಲ.

ಹೀಗಿರುವಾಗ ಊರಿನ ಇನ್ನೊಂದು ತುದಿಯಲ್ಲಿದ್ದ ನಾದಿನಿಗೆ ಆಪರೇಷನ್ ಆಯಿತು. ತಂಗಿಯನ್ನು ನೋಡಿಕೊಳ್ಳಲು ಹೆಂಡತಿ ಹೋದಳು. ನಾದಿನಿ ಎದ್ದು ಓಡಾಡಿದಳು, ಕೆಲಸಕ್ಕೂ ಹೋಗತೊಡಗಿದಳು. ಹೆಂಡತಿ ಬರಲಿಲ್ಲ. ಜಗಳ ಇಲ್ಲ, ಮಾತಿಗೆ ಮಾತು ಬೆಳೆದದ್ದಿಲ್ಲ. ಇನ್ನೊಂದಷ್ಟು ದಿನ ಇದ್ದು ಬರುತ್ತೇನೆ ಎಂದಳು. ಆ ಒಂದಷ್ಟು ದಿನ ವರ್ಷ ದಾಟಿತು. ಹೋಗಿ ಕರೆದುಕೊಂಡು ಬರಬಹುದಿತ್ತಲ್ಲ ಎಂದು ನೀವು ಕೇಳಿದರೆ, ನಾನೂ ಅದನ್ನೇ ಕೇಳುತ್ತೇನೆ. ಪ್ರತಿ ಭಾನುವಾರ ಫೋನು ಮಾಡುತ್ತಿದ್ದ. ಹುಷಾರಾ, ಹುಷಾರು, ಮತ್ತೆ, ಮತ್ತೇನಿಲ್ಲ, ಇಷ್ಟರಲ್ಲಿ ಮುಗಿಯುತ್ತಿತ್ತು. ‘ಬಾ’ ಎನ್ನುವುದು ಒಂದೇ ಅಕ್ಷರ. ಲೋಕದ ಸದ್ದನ್ನೆಲ್ಲ ಮಾಡಬಲ್ಲವನಿಗೆ ಅದೊಂದು ಹೊರಡಲಿಲ್ಲ.

ಅವಳು ಬೇಕಾಗಿದ್ದಳು. ಇದನ್ನು ಸುತ್ತಿ ಬಳಸಿ ಹೇಳುವುದು ಏನಿದೆ? ಬೆಳಿಗ್ಗೆ ಎದ್ದು ಎರಡು ಲೋಟ ತೆಗೆದು ಒಂದನ್ನು ವಾಪಸು ಇಡುತ್ತಿದ್ದ. ಮಧ್ಯಾಹ್ನ ಮಲಗಿದರೆ ಮೆಟ್ಟಿಲ ಕಡೆಗೇ ಕಿವಿ. ಉಳಿದವರು ಕಣ್ಣಲ್ಲಿ ಎಣ್ಣೆ ಬಿಟ್ಟುಕೊಂಡು ಕಾದರೆ ಇವನು ಕಿವಿಯಲ್ಲಿ ಬಿಟ್ಟುಕೊಂಡಿದ್ದ. ಅವನ ಮನೆ ಮೇಲಿನ ಮಹಡಿಯಲ್ಲಿ, ಎದುರು ಮನೆಗೆ ಬೀಗ. ಟೀಚರ್ ಮನೆ ದಾಟಿ ಹೆಜ್ಜೆ ಮೇಲಕ್ಕೆ ಬಂತೆಂದರೆ ಅದು ಅವನ ಬಾಗಿಲಿಗೇ. ಗ್ಯಾಸಿನವನ ಹೆಜ್ಜೆ, ಮೀಟರ್ ನೋಡುವವನ ಹೆಜ್ಜೆ, ಪೊರಕೆ ಮಾರುವವಳ ಹೆಜ್ಜೆ, ಎಲ್ಲ ಅವನಿಗೆ ಬಾಯಿಪಾಠ. ಬೇಡದವರ ಹೆಜ್ಜೆಯಾದರೆ ಉಸಿರು ಬಿಗಿಹಿಡಿದು ಕೂತಿರುತ್ತಿದ್ದ. ಅವರು ಬಾಗಿಲು ತಟ್ಟಿ ಸಾಕಾಗಿ ಇಳಿದು ಹೋಗುತ್ತಿದ್ದರು.

ಈ ನಡುವೆ ಸ್ಟುಡಿಯೋದಲ್ಲಿ ಕೆಲಸ ಇಳಿಮುಖವಾಗಿತ್ತು. ಬೇಕಾದ ಸದ್ದು ಕಂಪ್ಯೂಟರಿನಲ್ಲೇ ಸಿಗುವಾಗ ಸೌತೆಕಾಯಿ ಮುರಿಯುವವನು ಯಾರಿಗೆ ಬೇಕು? ಅಂಥ ಹೊತ್ತಿನಲ್ಲಿ ಒಬ್ಬ ನಿರ್ದೇಶಕಿ ಹುಡುಕಿಕೊಂಡು ಬಂದಳು. ಆಗಷ್ಟೇ ಓದು ಮುಗಿಸಿದ ಹುಡುಗಿ, ಗಿಡ್ಡ ಕೂದಲು, ಯಾವಾಗಲೂ ಅರ್ಧ ತಿಂದ ಬನ್ನು ಕೈಯಲ್ಲಿ. ಅವಳದು ಪ್ರಯೋಗದ ಸಿನಿಮಾ. ಪ್ರಯೋಗ ಎಂದ ಮೇಲೆ ಕಥೆ ಏನೆಂದು ಕೇಳಬಾರದು ಎನ್ನುವುದು ಸದ್ದಪ್ಪನಿಗೆ ಗೊತ್ತಿತ್ತು. ಕಾಲು ಗಂಟೆಯ ಚಿತ್ರ. ಒಂದು ಕೋಣೆ, ಒಬ್ಬಳು ಹೆಂಗಸು. ಮಾತಿಲ್ಲ. ಅವಳು ಹೊರಗೆ ಹೋಗುವುದಿಲ್ಲ, ಒಳಗೆ ಯಾರೂ ಬರುವುದಿಲ್ಲ. ಬರುವುದೆಲ್ಲ ಸದ್ದು. ಕೊನೆಯಲ್ಲಿ ಆಕೆ ಹಾಸಿಗೆಯ ಮೇಲೆ ಕೂತು ಬಾಗಿಲನ್ನೇ ನೋಡುತ್ತಾಳೆ, ಏಳುವುದಿಲ್ಲ, ತೆರೆ ಕಪ್ಪಾಗುತ್ತದೆ. ನೋಡುವವರ ಮೈ ಜುಮ್ಮೆನ್ನಬೇಕು, ಆದರೆ ಅದು ದೆವ್ವದ ಸಿನಿಮಾ ಅಲ್ಲ, ಎಂದಳು ಹುಡುಗಿ.

ಸದ್ದಪ್ಪ ತೋಳೇರಿಸಿ ತನ್ನ ಭಂಡಾರವನ್ನೆಲ್ಲ ಹೊರಗೆ ತೆಗೆದ. ತುಕ್ಕು ಹಿಡಿದ ಕೀಲು ಕಿರ್ರೆನ್ನಿಸಿದ. ತಗಡು ಅಲುಗಿಸಿ ಗುಡುಗು ತಂದ. ಗಾಜಿನ ಮೇಲೆ ಉಗುರು ಎಳೆದ. ಹುಡುಗಿ ಕಣ್ಣು ಮುಚ್ಚಿ ಎಲ್ಲವನ್ನೂ ಕೇಳಿ, ಪ್ರತಿ ಸಲವೂ ಬೇಡವೆಂದು ಮೆತ್ತಗೆ ತಲೆಯಾಡಿಸಿದಳು. ಇದನ್ನೆಲ್ಲ ಕೇಳಿದರೆ ಭಯ ಆಗುತ್ತದೆ, ಆದರೆ ಒಂಟಿ ಅನ್ನಿಸುವುದಿಲ್ಲ ಎನ್ನುವುದು ಅವಳ ತಕರಾರು. ಸದ್ದಪ್ಪ ಒಳಗೊಳಗೇ ಮೂಗು ಮುರಿದ. ಕೊನೆಗೆ ಅವಳು ಬನ್ನು ಕೆಳಗಿಟ್ಟು ಕೇಳಿದಳು.

“ಅಂಕಲ್, ನಿಮ್ಮ ಮನೇಲಿ ನಿಮಗೆ ಕೇಳೋಕೆ ಕಷ್ಟ ಆಗೋ ಸದ್ದು ಯಾವುದು?”

“ನಮ್ಮ ಮನೇಲಿ ಸದ್ದೇ ಇಲ್ಲಮ್ಮ.”

ಎಷ್ಟೋ ವರ್ಷ ಹೆಮ್ಮೆಯಿಂದ ಆಡಿದ ಮಾತು. ಅವತ್ತು ಅದನ್ನು ಹೇಳಿದವನೇ ತಗಡು, ಗಾಜು ಎಲ್ಲ ಎತ್ತಿಟ್ಟ. ಮನೆಗೆ ಹೋಗುವ ದಾರಿಯುದ್ದಕ್ಕೂ ಹೆಂಡತಿಯ ಸದ್ದುಗಳನ್ನು ನೆನಪು ಮಾಡಿಕೊಳ್ಳಲು ನೋಡಿದ. ಅವಳು ನಗುವುದು ಹೇಗೆ? ಕರೆಯುವುದು ಹೇಗೆ? ಪಾತ್ರೆ ಇಡುವುದು ಹೇಗೆ? ಎಷ್ಟು ತಡಕಿದರೂ ಏನೂ ಸಿಗಲಿಲ್ಲ. ಉಳಿದಿದ್ದದ್ದು ಅವಳ ನಡಿಗೆಯೊಂದೇ, ಅದೂ ಇದೆಯೋ ಇಲ್ಲವೋ ಎನ್ನುವಂಥದ್ದು.

ಮರುದಿನ ಹುಡುಗಿ ಬಂದು ಕೂತ ಮೇಲೆ ಅವನು ಟ್ರಂಕಿನ ತಳದಿಂದ ಮೆತ್ತನೆಯ ಹಳೆ ಚಪ್ಪಲಿ ತೆಗೆದು, ದೀಪ ಆರಿಸಿ, ಹೆಂಡತಿಯ ಹಾಗೆ ನಡೆದ. ಭಾರವೆಲ್ಲ ಬೆರಳ ಮೇಲೆ, ಹಿಮ್ಮಡಿ ನೆಲ ಮುಟ್ಟಿತೋ ಇಲ್ಲವೋ, ನಾಲ್ಕು ಹೆಜ್ಜೆಗೊಮ್ಮೆ ನಿಂತು, ಏನಾದರೂ ಸದ್ದಾಯಿತೇ ಎಂದು ನೋಡಿಕೊಂಡು, ಮತ್ತೆ ಮುಂದಕ್ಕೆ. ನಡೆಯುತ್ತ ನಡೆಯುತ್ತ ಅವನ ಕಣ್ಣು ಮಂಜಾಯಿತು. ಅವಳು ಪಕ್ಕದಲ್ಲೇ ಹಾದು ಹೋದಳು ಅನ್ನಿಸಿತು. ದೀಪ ಹಾಕಿ ನೋಡಿದರೆ ಹುಡುಗಿ ಎರಡು ಕೈಯಲ್ಲಿ ತನ್ನ ತೋಳು ಉಜ್ಜಿಕೊಳ್ಳುತ್ತಿದ್ದಳು.

“ಯಾರು ಅಂಕಲ್ ಇವರು? ಯಾಕಿಷ್ಟು ಹೆದರ್ಕೊಂಡು ನಡೀತಿದಾರೆ?”

“ಹೆದರಿಕೆ ಎಲ್ಲಿಂದ ಬಂತು? ನನ್ನ ಹೆಂಡ್ತಿ ನಡಿಗೆ ಅದು.”

ಹುಡುಗಿ ಇದನ್ನು ಇಟ್ಟುಕೊಳ್ಳೋಣ ಎಂದಷ್ಟೇ ಅಂದಳು. ಸದ್ದಪ್ಪನಿಗೆ ಅವತ್ತೆಲ್ಲ ಮುಖ ಗಂಟು. ತಾನು ಇಷ್ಟು ಪ್ರೀತಿಯಿಂದ ಮಾಡಿದ್ದರಲ್ಲಿ ಈ ಕೂಸಿಗೆ ಹೆದರಿಕೆ ಹೇಗೆ ಕಂಡಿತು ಎನ್ನುವುದು ಅವನ ಸಿಟ್ಟು.

ಇನ್ನು ಬೇಕಾಗಿದ್ದದ್ದು ಖಾಲಿ ಕೋಣೆಯ ಮೌನ. ಈ ಕೆಲಸದವರಿಗೆ ಗೊತ್ತಿರುವ ವಿಷಯವೆಂದರೆ, ಮೌನವೂ ಒಂದೊಂದು ಜಾಗಕ್ಕೆ ಒಂದೊಂದು ಥರ. ಅದನ್ನೂ ರೆಕಾರ್ಡ್ ಮಾಡಿ ತಂದು ಉಳಿದ ಸದ್ದುಗಳ ಕೆಳಗೆ ಹಾಸಬೇಕು, ಇಲ್ಲದಿದ್ದರೆ ಚಿತ್ರ ಕಿವುಡಾದಂತೆ ಕೇಳುತ್ತದೆ. ನಮ್ಮ ಮನೆಯದನ್ನೇ ತರುತ್ತೇನೆ ಎಂದು ಸದ್ದಪ್ಪ ಯಂತ್ರ ಹೊತ್ತು ತಂದ. ಒಂದು ಮಧ್ಯಾಹ್ನ, ಬೆಳಗಿನ ಮಳೆ ನಿಂತ ಮೇಲೆ, ಫ್ಯಾನು ನಿಲ್ಲಿಸಿ, ಫ್ರಿಜ್ಜಿನ ವೈರು ಕಿತ್ತು, ಮೈಕನ್ನು ಬಾಗಿಲ ಹತ್ತಿರ ನಿಲ್ಲಿಸಿ, ತಾನು ಕುರ್ಚಿಯಲ್ಲಿ ಗೊಂಬೆಯಂತೆ ಕೂತ.

ಆಗ ಕೆಳಗೆ ಹೆಜ್ಜೆ ಕೇಳಿಸಿತು. ಟೀಚರ್ ಮನೆ ದಾಟಿತು. ಸದ್ದಪ್ಪನ ಎದೆ ಧಸಕ್ಕೆಂದಿತು. ಪ್ರತಿ ಸಲವೂ ಹಾಗೆ ಆಗುತ್ತಿತ್ತು, ಅದರಲ್ಲಿ ಹೊಸತೇನಿಲ್ಲ. ಆದರೆ ಅವನ ಕಿವಿ ಆಗಲೇ ತೀರ್ಪು ಕೊಟ್ಟಾಗಿತ್ತು. ಧಪ್ ಧಪ್ ಎಂದು ಹಿಮ್ಮಡಿ ಊರಿ ಬರುವ ನಡಿಗೆ, ಅವಸರವಿಲ್ಲ, ಅಂಜಿಕೆಯಿಲ್ಲ, ಏದುಸಿರನ್ನು ಮುಚ್ಚಿಡುವ ಗೊಡವೆಯೂ ಇಲ್ಲ. ಗೊತ್ತಿದ್ದವರದಲ್ಲ. ಬಾಗಿಲ ಮುಂದೆ ಏನೋ ಭಾರವಾದದ್ದನ್ನು ಧೊಪ್ಪನೆ ಕೆಳಗಿಟ್ಟ ಸದ್ದಾಯಿತು. ಮಾರಾಟದವರು, ಫಿನಾಯಿಲೋ ಪುಸ್ತಕವೋ ಇರಬೇಕು ಎಂದು ಸದ್ದಪ್ಪ ತೀರ್ಮಾನಿಸಿದ. ಬಾಗಿಲು ತಟ್ಟಿದರು. ಸ್ವಲ್ಪ ಬಿಟ್ಟು ಮತ್ತೆ ತಟ್ಟಿದರು. ಎದ್ದರೆ ಕುರ್ಚಿ ಕಿರುಗುಟ್ಟಿ ರೆಕಾರ್ಡಿಂಗ್ ಹಾಳು. ಅವನು ಅಲುಗಲಿಲ್ಲ. ಆಚೆ ಇದ್ದವರು ಬಹಳ ಹೊತ್ತು ಸುಮ್ಮನೆ ನಿಂತಿದ್ದರು. ಆಮೇಲೆ ಭಾರ ಎತ್ತಿಕೊಂಡ ಸದ್ದು, ಇಳಿದು ಹೋಗುವ ಅದೇ ಹೆಜ್ಜೆ, ಈ ಸಲ ನಿಧಾನ.

ಆ ರೆಕಾರ್ಡಿಂಗ್ ಕೇಳಿ ಹುಡುಗಿ ಕೂತಲ್ಲೇ ನೆಟ್ಟಗಾದಳು. ಚಿತ್ರದ ಕೊನೆಗೆ ಅಳತೆ ತೆಗೆದುಕೊಂಡು ಹೊಲಿದ ಹಾಗಿತ್ತು. ಯಾರು ಎಂದು ಕೇಳಿದಳು, ಯಾರೋ ಮಾರುವವರು ಎಂದ. ಬಾಗಿಲು ತೆಗೆಯಲಿಲ್ಲವೇ ಎಂದು ಕೇಳಿದಳು. ರೆಕಾರ್ಡಿಂಗ್ ನಡೆಯುತ್ತಿತ್ತಲ್ಲಮ್ಮ ಎಂದ ಸದ್ದಪ್ಪ. ಅವನಿಗೆ ಅದು ಪೂರ್ತಿ ಸಮಂಜಸವಾದ ಉತ್ತರವಾಗಿತ್ತು.

ಆ ಭಾನುವಾರ ಫೋನು ಎತ್ತಿದ್ದು ನಾದಿನಿ. ಅಕ್ಕನಿಗೆ ತಲೆನೋವು, ಮಾತಾಡುವುದಿಲ್ಲವಂತೆ ಎಂದಳು. ಮುಂದಿನ ಭಾನುವಾರವೂ ತಲೆನೋವೇ. ಸದ್ದಪ್ಪ ಡಾಕ್ಟರಿಗೆ ತೋರಿಸಿ ಎಂದು ಬುದ್ಧಿ ಹೇಳಿದ. ಭಾವ, ಇದು ಡಾಕ್ಟರು ನೋಡೋ ತಲೆನೋವಲ್ಲ ಎಂದು ನಾದಿನಿ ಸಣ್ಣಗೆ ಗೊಣಗಿದಳು. ಅವನು ಬೇರೇನೂ ತೋಚದೆ, ಕಾಲೇಜಿನ ಸಭಾಂಗಣದಲ್ಲಿ ಸಿನಿಮಾ ತೋರಿಸುತ್ತಾರೆ, ಅದರಲ್ಲಿ ನಿಮ್ಮಕ್ಕನ ನಡಿಗೆ ಇದೆ, ಒಮ್ಮೆ ಕರೆದುಕೊಂಡು ಬಾ ಎಂದ. ಆ ನಡಿಗೆ ಕೇಳಿದರೆ ತಾನು ಅವಳನ್ನು ಎಷ್ಟು ನೆನೆಯುತ್ತೇನೆಂದು ಅವಳಿಗೆ ತಿಳಿಯುತ್ತದೆ, ತಿಳಿದರೆ ಬರುತ್ತಾಳೆ, ಬಾಯಿಬಿಟ್ಟು ಕರೆಯುವ ಕಷ್ಟ ತಪ್ಪುತ್ತದೆ. ಇದು ಅವನ ಲೆಕ್ಕಾಚಾರ.

ಅಕ್ಕತಂಗಿಯರಿಬ್ಬರೂ ಬಂದರು. ಸಭಾಂಗಣದಲ್ಲಿ ಮಡಚುವ ಕುರ್ಚಿಗಳ ಕಟಕಟ, ಹುಡುಗರ ಗದ್ದಲ. ಹೆಂಡತಿ ಬಂದು ಪಕ್ಕದಲ್ಲಿ ಕೂತದ್ದು ಅವನಿಗೆ ಕೇಳಿಸಲಿಲ್ಲ, ತಿರುಗಿದಾಗ ಕಂಡಿತು. ಸ್ವಲ್ಪ ಮೈ ತುಂಬಿಕೊಂಡಿದ್ದಳು. ಮುಖದಲ್ಲಿ ಏನೋ ಹೊಸ ಕಳೆ. ಹೇಗಿದ್ದೀಯ ಎಂದು ಕೇಳುವಷ್ಟರಲ್ಲಿ ದೀಪ ಆರಿತು.

ತೆರೆಯ ಮೇಲಿನ ಕೋಣೆಯ ಹೊರಗೆ ಮೆತ್ತನೆಯ ಹೆಜ್ಜೆ ಹಾದು ಹೋಯಿತು. ನಿಂತಿತು, ಮತ್ತೆ ಹೋಯಿತು. ಇಡೀ ಸಭಾಂಗಣ ಗಪ್‌ಚಿಪ್. ಹೆಂಡತಿಯ ಕೈ ಬ್ಯಾಗಿನ ಮೇಲೆ ಬಿಗಿಯಾಯಿತು. ಸದ್ದಪ್ಪ ಓರೆಗಣ್ಣಿನಲ್ಲಿ ಅದನ್ನು ನೋಡಿ ಗುರುತು ಸಿಕ್ಕಿತು ಎಂದುಕೊಂಡು ಹಿಗ್ಗಿದ. ಕೊನೆಯ ದೃಶ್ಯ ಬಂತು. ತೆರೆಯ ಮೇಲಿನ ಹೆಂಗಸು ಬಾಗಿಲು ನೋಡುತ್ತಾ ಕೂತಿದ್ದಾಳೆ. ಧಪ್ ಧಪ್ ಎಂದು ಹೆಜ್ಜೆ ಏರಿ ಬಂತು. ಧೊಪ್ಪೆಂದು ಏನೋ ಇಟ್ಟರು. ಬಾಗಿಲು ತಟ್ಟಿದರು. ಹೆಂಡತಿ ಥಟ್ಟನೆ ಅವನ ಕಡೆ ಬಗ್ಗಿ, “ರೀ, ಇದು...” ಎಂದಳು.

ಸದ್ದಪ್ಪನ ಬೆರಳು ಮೇಲೆದ್ದಿತು. ಬೇಕೆಂದು ಎತ್ತಿದ್ದಲ್ಲ. ಮೂವತ್ತು ವರ್ಷದ ಅಭ್ಯಾಸ ತಾನಾಗಿಯೇ ಎದ್ದು ನಿಂತಿತು. ಹೆಂಡತಿ ಬಾಯಿ ಮುಚ್ಚಿಕೊಂಡು ನೆಟ್ಟಗೆ ಕೂತಳು. ಹೆಜ್ಜೆ ಇಳಿದು ಹೋಯಿತು, ತೆರೆ ಕಪ್ಪಾಯಿತು, ಚಪ್ಪಾಳೆ ಬಿತ್ತು.

ಹೊರಗಿನ ಜಗಲಿಯಲ್ಲಿ ಹುಡುಗಿ ಬಂದು ಅವನ ಕೈ ಹಿಡಿದು ಕುಲುಕಿ, ಗೆಳೆಯರ ಗುಂಪಿಗೆ ಓಡಿದಳು. ನಾದಿನಿ ನೀರು ಕುಡಿದು ಬರುತ್ತೇನೆಂದು ಬೇಕೆಂದೇ ದೂರ ಹೋದಳು. ಗಂಡ ಹೆಂಡತಿ ಕಂಬದ ಪಕ್ಕ ನಿಂತರು.

“ಮೊದಲು ಬರೋ ನಡಿಗೆ ನಂದು ಅಲ್ವಾ?” ಎಂದಳು ಹೆಂಡತಿ.

“ಗುರುತು ಸಿಕ್ತಾ?” ಅವನ ಮುಖ ಅರಳಿತು.

“ಸಿಗದೆ ಏನು? ಕೇಳಿ ಅಯ್ಯೋ ಪಾಪ ಅನ್ನಿಸ್ತು. ಸ್ವಂತ ಮನೇಲಿ ಕಳ್ಳತನಕ್ಕೆ ಬಂದೋಳ ಹಾಗೆ ನಡೀತಿದ್ದೆನಲ್ಲ.” ಬ್ಯಾಗನ್ನು ಹೆಗಲಿಗೆ ಏರಿಸಿಕೊಂಡು ಕೇಳಿದಳು. “ಕೊನೇದು ಯಾರ ನಡಿಗೆ?”

“ಅದು ನಾನು ಮಾಡಿದ್ದಲ್ಲ. ಯಾರೋ ಮಾರೋರು ಬಂದಿದ್ರು.”

“ಅದೂ ನಾನೇ.”

ಸದ್ದಪ್ಪನಿಗೆ ನಗು ಬರುವಂತಾಯಿತು. ನಿನ್ನ ನಡಿಗೆ ನನಗೆ ಗೊತ್ತಿಲ್ಲವೇ ಎಂದ.

“ಗೊತ್ತಿಲ್ಲ,” ಎಂದಳು ಅವಳು, ಸಿಟ್ಟಿಲ್ಲದೆ. “ತಂಗಿ ಮನೇಲಿ ಯಾರೂ ಬೆರಳು ಎತ್ತಲ್ಲ ರೀ. ಕಾಲು ಊರಿ ನಡೆಯೋದು ತಾನಾಗೇ ಬಂತು. ಅವತ್ತು ಬ್ಯಾಗು ತುಂಬ್ಕೊಂಡು ಬಂದಿದ್ದೆ. ಬಾಗಿಲ ಹೊರಗೆ ನಿಮ್ಮ ಕೊಡೆ ಇತ್ತು, ಇನ್ನೂ ಒದ್ದೆ. ಒಳಗಿದೀರಿ ಅಂತ ಗೊತ್ತಾಯ್ತು. ತಟ್ಟಿದೆ, ತೆಗೀಲಿಲ್ಲ. ಬೇಡ ಅನ್ನಿಸಿರಬೇಕು ಅಂದ್ಕೊಂಡು ವಾಪಸ್ ಹೋದೆ.”

“ಕೂಗಬಾರದಿತ್ತಾ?”

“ಆ ಬಾಗಿಲ ಮುಂದೆ ನಿಂತ್ರೆ ಕೂಗೋಕೆ ಬಾಯೇ ಬರ್ಲಿಲ್ಲ.”

ಸದ್ದಪ್ಪ ಕಂಬಕ್ಕೆ ಕೈ ಕೊಟ್ಟು ನಿಂತ. ಆ ರೆಕಾರ್ಡಿಂಗನ್ನು ಅವನು ಎಷ್ಟು ಸಲ ಕೇಳಿದ್ದ! ಹೆಜ್ಜೆಗೆ ಸ್ವಲ್ಪ ಮೊಳಗು ಜಾಸ್ತಿ ಮಾಡಿ, ಬ್ಯಾಗಿನ ಸದ್ದನ್ನು ಸ್ವಲ್ಪ ಮುಂದಕ್ಕೆ ತಂದು, ಅವಳು ಸುಮ್ಮನೆ ನಿಂತ ಹೊತ್ತು ಉದ್ದವಾಯಿತೆಂದು ಒಂದಷ್ಟು ಕತ್ತರಿಸಿ ಎಸೆದಿದ್ದ. ಯಾವ ಹೆಜ್ಜೆಗಾಗಿ ವರ್ಷವೆಲ್ಲ ಕಿವಿ ತೆರೆದು ಕೂತಿದ್ದನೋ ಅದು ಬಂದಾಗ, ಅದೇ ಕಿವಿಯನ್ನು ನಂಬಿ ಬಾಗಿಲು ತೆಗೆಯಲಿಲ್ಲ. ತಪ್ಪಾಯಿತು ಎನ್ನಲು ಹೋದ. ಬಂದದ್ದು ಬೇರೆ ಮಾತು.

“ಬಾ,” ಎಂದ.

ಹೆಂಡತಿ ಅವನನ್ನೇ ನೋಡಿದಳು. ಅವಳ ಕಣ್ಣಲ್ಲಿ ನೀರಿತ್ತು.

“ಈಗ ಆಗಲ್ಲ ರೀ. ಅವತ್ತು ಮನಸ್ಸು ಮಾಡಿ ಹೊರಟಿದ್ದೆ. ಆ ಮನಸ್ಸು ಮತ್ತೆ ಬರಬೇಕು. ಬಂದ್ರೂ ಹೀಗೇ ಬರ್ತೀನಿ, ಬೆಕ್ಕಿನ ಹಾಗೆ ನಡೆಯೋಕೆ ಇನ್ನು ನನ್ನಿಂದ ಆಗಲ್ಲ.”

ನಾದಿನಿ ಬಂದು ಬಸ್ಸಿಗೆ ಹೊತ್ತಾಯಿತು ಎಂದಳು. ಸದ್ದಪ್ಪ ಹೆಂಡತಿಗೆ, ನೀನು ಮುಂದೆ ನಡಿ, ನಾನು ಹಿಂದೆ ಬರುತ್ತೇನೆ ಎಂದ. ಅವಳಿಗೆ ಅರ್ಥವಾಯಿತೋ ಇಲ್ಲವೋ, ನಡೆದಳು. ಬಸ್ ನಿಲ್ದಾಣದವರೆಗೂ ಅವನು ಸ್ವಲ್ಪ ದೂರದಲ್ಲಿ, ತಲೆ ತಗ್ಗಿಸಿ, ಒಂದು ಮಾತೂ ಆಡದೆ ಕೇಳಿಸಿಕೊಂಡು ಬಂದ. ಬಲಗಾಲು ಸ್ವಲ್ಪ ಗಟ್ಟಿ. ಎಡಗಾಲು ಬೀಳುವಾಗ ಚಪ್ಪಲಿ ಒಮ್ಮೆ ಪಟ್ ಎನ್ನುತ್ತದೆ. ಮಾತಾಡುವಾಗ ನಡಿಗೆ ಬಿರುಸಾಗುತ್ತದೆ, ನಗುವಾಗ ತಪ್ಪುತ್ತದೆ. ದಾರಿಯಲ್ಲಿ ತಂಗಿ ಏನೋ ಹೇಳಿದ್ದಕ್ಕೆ ಅವಳು ಜೋರಾಗಿಯೇ ನಕ್ಕಳು. ಆ ನಗು ಅವನಿಗೆ ಹೊಸದು. ಬಸ್ಸು ಬಂತು, ಇಬ್ಬರನ್ನೂ ಹತ್ತಿಸಿಕೊಂಡು ಹೋಯಿತು.

ಮರುದಿನ ಅವನು ಕರೆಗಂಟೆ ತಂದು ಹಾಕಿಸಿದ. ಅಡುಗೆಮನೆಗೆ ಹೋಗಿ ಪಾತ್ರೆಗಳ ನಡುವಿನ ಬಟ್ಟೆ ಚೂರುಗಳನ್ನೆಲ್ಲ ತೆಗೆದ. ಆಮೇಲೆ ಒಂದು ಜೊತೆ ಗಟ್ಟಿ ಚಪ್ಪಲಿ ಹಾಕಿಕೊಂಡು ಹಜಾರದಲ್ಲಿ ಹೆಂಡತಿಯ ಹೊಸ ನಡಿಗೆ ನಡೆಯಲು ನೋಡಿದ. ಬರಲಿಲ್ಲ. ಎಂಥೆಂಥ ನಡಿಗೆ ತಂದ ಕಾಲು ಈ ಮನೆಯ ನೆಲದ ಮೇಲೆ ಊರಲು ಹೆದರುತ್ತಿತ್ತು. ಮತ್ತೆ ನಡೆದ. ಬಲಗಾಲು ಗಟ್ಟಿ, ಎಡಗಾಲು ಪಟ್. ಕಿಟಕಿಯಿಂದ ಬಾಗಿಲಿಗೆ, ಬಾಗಿಲಿನಿಂದ ಕಿಟಕಿಗೆ, ಬಿಸಿಲು ಇಳಿಯುವವರೆಗೂ ನಡೆದ.

ಸಂಜೆ ಕರೆಗಂಟೆ ಸದ್ದು ಮಾಡಿತು. ಸದ್ದಪ್ಪ ಓಡಿ ಹೋಗಿ ಬಾಗಿಲು ತೆಗೆದ. ಕೆಳಗಿನ ಮನೆಯ ಟೀಚರ್ ನಿಂತಿದ್ದರು. ಈ ಮನೆಯಿಂದ ಸದ್ದು ಬಂತೆಂದು ಮೇಲೆ ಬರಬೇಕಾಗಿ ಬಂದದ್ದು ಅವರಿಗೂ ಇದೇ ಮೊದಲು. ಹಾಗಾಗಿ ಸಿಟ್ಟಿಗಿಂತ ಕುತೂಹಲವೇ ಜಾಸ್ತಿ ಇತ್ತು.

“ಮಧ್ಯಾಹ್ನದಿಂದ ಒಂದೇ ಸಮ ಯಾರೋ ಓಡಾಡ್ತಿದಾರೆ. ಮನೆಗೆ ಯಾರಾದ್ರೂ ಬಂದಿದಾರಾ?”

“ಇಲ್ಲ ಟೀಚರ್,” ಎಂದ ಸದ್ದಪ್ಪ. “ಬರೋರಿದಾರೆ.”